ಭಯವನ್ನು ಕಣ್ಣುಬಿಟ್ಟು ನೋಡಿದ ಕುರೊಸಾವಾ

ಈ ಸಲದ ಗೋಡೆ ಪತ್ರಿಕೆಗೆ ನಾನು ಜಪಾನಿನ ಪ್ರಸಿದ್ಧ ಸಿನಿಮಾ ನಿರ್ದೇಶಕ ಅಕಿರಾ ಕುರೊಸಾವಾ ಅವರ ಜೀವನವನ್ನು ಆರಿಸಿಕೊಂಡಿದ್ದೇನೆ. ಅಣುಬಾಂಬಿನ ಭಯ ಬಂದಾಗ ಒಬ್ಬ ಕಲಾವಿದ ಏನು ಮಾಡಬಹುದು ಅನ್ನೋದು ಇದರಲ್ಲಿದೆ.

ಕುರೊಸಾವಾ ಅವರು 1910ನೇ ಇಸವಿ ಮಾರ್ಚ್ 23ರಂದು ಟೋಕಿಯೋದಲ್ಲಿ ಜನಿಸಿದರು. ಶಾಲೆಯಲ್ಲಿ ಮಹಾ ಅಳುಬುರುಕ, ಪಾಠದಲ್ಲೂ ಹಿಂದೆ. ಒಮ್ಮೆ ಅವರ ಚಿತ್ರ ನೋಡಿ ಹುಡುಗರೆಲ್ಲ ನಕ್ಕರಂತೆ. ತಾಚಿಕಾವಾ ಎಂಬ ಮೇಷ್ಟ್ರು ಮಾತ್ರ ಬಾಯ್ತುಂಬ ಹೊಗಳಿದರು. ಅಂದಿನಿಂದ ಚಿತ್ರಕಲೆಯ ಹುಚ್ಚು ಹಿಡಿಯಿತು.

1923ರ ಸೆಪ್ಟೆಂಬರ್ 1ರಂದು ಭಾರಿ ಭೂಕಂಪವಾಗಿ ಟೋಕಿಯೋ ಸುಟ್ಟುಹೋಯಿತು. ಆಗ ಅವರಿಗೆ 13 ವರ್ಷ. ಅಣ್ಣ ಹೆಯ್ಗೋ ತಮ್ಮನನ್ನು ಕರೆದುಕೊಂಡು ಹೋಗಿ ಹೆಣಗಳ ರಾಶಿ ತೋರಿಸಿದ. ಕಣ್ಣು ಮುಚ್ಚಿಕೊಂಡರೆ ಹೆದರಿಕೆ ಜಾಸ್ತಿ, ನೆಟ್ಟಗೆ ನೋಡಿದರೆ ಹೆದರಿಕೆ ಇರಲ್ಲ ಅಂತ ಕಲಿಸಿದ. ಈ ಪಾಠವನ್ನು ಕುರೊಸಾವಾ ಮರೆಯಲೇ ಇಲ್ಲ.

1936ರಲ್ಲಿ ಸಿನಿಮಾ ಕಂಪನಿ ಸೇರಿದರು. ರಾಶೋಮನ್ ಚಿತ್ರಕ್ಕೆ 1951ರಲ್ಲಿ ವೆನಿಸ್ ಚಿತ್ರೋತ್ಸವದ ಪ್ರಶಸ್ತಿ ಬಂದು ಲೋಕಪ್ರಸಿದ್ಧರಾದರು.

1945ರಲ್ಲಿ ಹಿರೋಶಿಮಾ, ನಾಗಸಾಕಿ ಮೇಲೆ ಬಾಂಬು ಬಿದ್ದದ್ದು ನಿಮಗೆಲ್ಲ ಗೊತ್ತೇ ಇದೆ. 1954ರ ಮಾರ್ಚ್ 1ರಂದು ಅಮೆರಿಕ ಬಿಕಿನಿ ದ್ವೀಪದಲ್ಲಿ ಹೈಡ್ರೋಜನ್ ಬಾಂಬು ಸಿಡಿಸಿತು. ದೂರದಲ್ಲಿ ಮೀನು ಹಿಡಿಯುತ್ತಿದ್ದ 23 ಜಪಾನೀಯರ ಮೇಲೆ ವಿಷದ ಬೂದಿ ಬಿತ್ತು. ಅವರಲ್ಲೊಬ್ಬ ಸೆಪ್ಟೆಂಬರಿನಲ್ಲಿ ತೀರಿಕೊಂಡ. ಜನ ಮೀನು ತಿನ್ನೋಕೂ ಹೆದರಿದರು. ಕುರೊಸಾವಾರ ಪ್ರಾಣಸ್ನೇಹಿತ, ಸಂಗೀತಗಾರ ಹಯಾಸಾಕಾ, ಇಂಥ ಭಯದಲ್ಲಿ ಕೆಲಸ ಮಾಡೋದಾದರೂ ಹೇಗೆ ಎಂದು ಕೊರಗಿದರು. ಆ ಮಾತಿನಿಂದಲೇ 1955ರ ಚಿತ್ರ ಹುಟ್ಟಿತು. ಅದು ಮುಗಿಯುವ ಮೊದಲೇ ಕ್ಷಯರೋಗಿಯಾಗಿದ್ದ ಹಯಾಸಾಕಾ ತೀರಿಕೊಂಡರು.

ಕಥೆ ಹೀಗಿದೆ. ಕಾರ್ಖಾನೆ ಮಾಲೀಕನಾದ ಒಬ್ಬ ಮುದುಕ ಬಾಂಬಿಗೆ ಹೆದರಿ, ಮನೆಮಂದಿಯನ್ನೆಲ್ಲ ಬ್ರೆಜಿಲ್‌ಗೆ ಕರೆದೊಯ್ಯಲು ಹಟ ಹಿಡಿಯುತ್ತಾನೆ. ಮಕ್ಕಳು ಕೋರ್ಟಿಗೆ ಹೋಗುತ್ತಾರೆ. ಕಾರ್ಖಾನೆ ಇದ್ದರೆ ತಾನೇ ಇಲ್ಲಿರೋದು ಅಂತ ಅವನೇ ಅದಕ್ಕೆ ಬೆಂಕಿ ಇಡುತ್ತಾನೆ. ಕೂಲಿಯವರ ಅನ್ನ ಹೋಗುತ್ತದೆ. ಕೊನೆಗೆ ಹುಚ್ಚಾಸ್ಪತ್ರೆಯಲ್ಲಿ ಸೂರ್ಯನನ್ನು ನೋಡಿ, ಭೂಮಿಯೇ ಹೊತ್ತಿ ಉರಿಯುತ್ತಿದೆ ಅಂದುಕೊಳ್ಳುತ್ತಾನೆ. ಹುಚ್ಚ ಅವನೋ, ಹಾಯಾಗಿರುವ ನಾವೋ ಎಂದು ಅಲ್ಲಿನ ಡಾಕ್ಟರಿಗೇ ಅನುಮಾನ! ಈ ಮುದುಕನ ಪಾತ್ರ ಮಾಡಿದ ಮಿಫುನೆಗೆ ಆಗ 35 ವರ್ಷ ಅಷ್ಟೆ.

ಚಿತ್ರ ಓಡಲಿಲ್ಲ, ನಷ್ಟವಾಯಿತು. ಆದರೂ ಕುರೊಸಾವಾ ಈ ವಿಷಯ ಬಿಡಲಿಲ್ಲ. 80 ದಾಟಿದ ಮೇಲೆ, 1991ರಲ್ಲಿ, ನಾಗಸಾಕಿಯಲ್ಲಿ ಗಂಡನನ್ನು ಕಳೆದುಕೊಂಡ ಅಜ್ಜಿಯ ಕಥೆ ತೆಗೆದರು. 1998ರ ಸೆಪ್ಟೆಂಬರ್ 6ರಂದು ತೀರಿಕೊಂಡರು.

ಇವತ್ತು ನಮ್ಮ ದೇಶವೂ ಸೇರಿ 9 ದೇಶಗಳಲ್ಲಿ ಅಣುಬಾಂಬುಗಳಿವೆ. ಆ ಮುದುಕ ಹೆದರಿದ್ದು ತಪ್ಪಲ್ಲ, ಓಡಿ ತಪ್ಪಿಸಿಕೊಳ್ಳಲು ನೋಡಿದ್ದೇ ತಪ್ಪು ಅಂತ ನನಗನ್ನಿಸುತ್ತೆ. ಓಡಿಹೋಗೋಕೆ ಬೇರೆ ಭೂಮಿ ಎಲ್ಲಿದೆ? ನೀವೂ ಯೋಚನೆ ಮಾಡಿ.