ಮೊಂಬತ್ತಿ ಆರಿಸಿದ ಮಿಡ್ಜ್ಲಿ

ಹಳೆಯ ಕಾರಿನ ಏಸಿಗೆ ಹೊಸ ಅನಿಲ ತುಂಬಿಸಿದರೆ ಸಾಕು, ತಂಪು ಮರಳುತ್ತದೆ ಎಂದು ನಂಬಿದವರು ಅನೇಕರು. ವಾಸ್ತವ ಅಷ್ಟು ಸರಳವಲ್ಲ. ಈ ತೊಡಕಿನ ಮೂಲವನ್ನು ಹುಡುಕುತ್ತ ಹೊರಟರೆ ಎದುರಾಗುವವನು ಅಮೆರಿಕದ ಥಾಮಸ್ ಮಿಡ್ಜ್ಲಿ.

1889ರಲ್ಲಿ ಪೆನ್ಸಿಲ್ವೇನಿಯಾದ ಬೀವರ್ ಫಾಲ್ಸ್‌ನಲ್ಲಿ ಜನಿಸಿದ ಈತ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿ ಕಲಿತದ್ದು ಮೆಕ್ಯಾನಿಕಲ್ ಎಂಜಿನಿಯರಿಂಗ್. ಹೆಸರು ಗಳಿಸಿದ್ದು ರಸಾಯನಶಾಸ್ತ್ರದಲ್ಲಿ. ಎಂಜಿನ್ನಿನ ಬಡಿತ ತಗ್ಗಿಸಲು ಪೆಟ್ರೋಲಿಗೆ ಸೀಸದ ಸಂಯುಕ್ತ ಬೆರೆಸುವ ಉಪಾಯವನ್ನು 1921ರಲ್ಲಿ ಕಂಡುಹಿಡಿದವನೂ ಈತನೇ. ಅದೇ ಸೀಸದ ವಿಷವೇರಿ 1923ರಲ್ಲಿ ರಜೆ ಹಾಕಬೇಕಾಯಿತು. ಆದರೂ ಮರುವರ್ಷ ಪತ್ರಕರ್ತರೆದುರು ಆ ದ್ರವವನ್ನು ಕೈಮೇಲೆ ಸುರಿದುಕೊಂಡು, ಅಪಾಯವಿಲ್ಲವೆಂದು ತೋರಿಸಿದ. ಇದನ್ನು ಧೈರ್ಯವೆಂದು ಹೊಗಳಲು ಮನಸ್ಸು ಬಾರದು.

ಅಂದಿನ ಫ್ರಿಜ್‌ಗಳಲ್ಲಿದ್ದದ್ದು ಅಮೋನಿಯಾ, ಸಲ್ಫರ್ ಡೈಆಕ್ಸೈಡ್, ಮೀಥೈಲ್ ಕ್ಲೋರೈಡ್. ಸೋರಿದರೆ ಪ್ರಾಣಕ್ಕೇ ಸಂಚಕಾರ. ಜನರಲ್ ಮೋಟರ್ಸ್‌ನ ಸೇವೆಯಲ್ಲಿದ್ದ ಮಿಡ್ಜ್ಲಿ, 1928ರಲ್ಲಿ ಆಲ್ಬರ್ಟ್ ಹೆನ್ನೆ ಮುಂತಾದ ಸಹೋದ್ಯೋಗಿಗಳೊಡನೆ ಆರಿಸಿದ ಅನಿಲ ವಿಷವೂ ಅಲ್ಲ, ಉರಿಯುವಂಥದೂ ಅಲ್ಲ. ಮುಂದೆ ಅದೇ ಫ್ರಿಯಾನ್, ಅಂದರೆ ಆರ್-12. 1930ರಲ್ಲಿ ಅಮೆರಿಕನ್ ಕೆಮಿಕಲ್ ಸೊಸೈಟಿಯ ಸಭೆಯಲ್ಲಿ ಆತ ಅದನ್ನು ಎದೆತುಂಬ ಎಳೆದುಕೊಂಡು, ಉರಿಯುವ ಮೊಂಬತ್ತಿಯ ಮೇಲೆ ಊದಿದ. ಮೊಂಬತ್ತಿ ಆರಿತು, ಆತನಿಗೇನೂ ಆಗಲಿಲ್ಲ. ದಶಕದ ಕೊನೆಗೆ ಪ್ಯಾಕರ್ಡ್ ಕಾರುಗಳಲ್ಲಿ ಏಸಿ ಬಂದಿತು.

1940ರಲ್ಲಿ ಪೋಲಿಯೋ ತಗುಲಿ ಕಾಲುಗಳ ಶಕ್ತಿ ಉಡುಗಿತು. ಹಾಸಿಗೆಯಿಂದೇಳಲು ತಾನೇ ರಚಿಸಿಕೊಂಡಿದ್ದ ಹಗ್ಗ-ರಾಟೆಗಳ ಸಾಧನದಲ್ಲಿ ಕೊರಳು ಸಿಲುಕಿ, 1944ರ ನವೆಂಬರ್ 2ರಂದು ಮೃತಪಟ್ಟ. ಆಗ ವಯಸ್ಸು 55.

ಫ್ರಿಯಾನಿನ ಕ್ಲೋರಿನ್ ಓಜೋನ್ ಪದರವನ್ನು ಕರಗಿಸುವುದೆಂಬ ಎಚ್ಚರಿಕೆಯನ್ನು ಮೊಲಿನಾ ಮತ್ತು ರೋಲ್ಯಾಂಡ್ ನೀಡಿದ್ದು 1974ರಲ್ಲಿ. 1987ರ ಮಾಂಟ್ರಿಯಲ್ ಒಪ್ಪಂದದ ಬಳಿಕ ಕಾರುಗಳಿಗೆ ಕ್ಲೋರಿನ್ ಇಲ್ಲದ ಆರ್-134ಎ ಬಂದಿತು. ಹೊಂದಾಣಿಕೆಯ ತಕರಾರು ಆರಂಭವಾದದ್ದು ಇಲ್ಲಿಂದ. ಆರ್-12 ಖನಿಜ ತೈಲದೊಡನೆ ಬೆರೆತು, ಅದನ್ನು ಹೊತ್ತುಕೊಂಡೇ ಕಂಪ್ರೆಸರಿಗೆ ಮರಳುತ್ತಿತ್ತು. 134ಎ ಆ ತೈಲದೊಡನೆ ಬೆರೆಯದು. ಎಣ್ಣೆ ದಾರಿಯಲ್ಲೇ ಉಳಿದು, ಕಂಪ್ರೆಸರ್ ಒಣಗಿ ಹಿಡಿದುಕೊಳ್ಳುತ್ತದೆ. ಆದ್ದರಿಂದ ಹಳೆಯ ಎಣ್ಣೆ ಹೊರತೆಗೆದು, ಎಸ್ಟರ್ ಅಥವಾ ಪ್ಯಾಗ್ ತೈಲ ತುಂಬಿ, ತೇವ ಹೀರುವ ಡ್ರೈಯರನ್ನೂ ರಬ್ಬರ್ ಉಂಗುರಗಳನ್ನೂ ಬದಲಿಸಬೇಕಾಗುತ್ತದೆ.

134ಎ ಕೂಡ ಭೂಮಿಯ ಬಿಸಿ ಏರಿಸುವ ಅನಿಲವೇ. 2017ರಿಂದ ಯುರೋಪಿನ ಹೊಸ ಕಾರುಗಳಲ್ಲಿ ಅದಕ್ಕೆ ತಡೆ ಬಿದ್ದು, ಆರ್-1234ವೈಎಫ್ ಆ ಸ್ಥಾನಕ್ಕೆ ಬಂದಿದೆ. ಇದಕ್ಕೆ ಅಲ್ಪಸ್ವಲ್ಪ ಹೊತ್ತಿಕೊಳ್ಳುವ ಗುಣವಿದೆ. ಮಿಡ್ಜ್ಲಿಯ ಮೊಂಬತ್ತಿ ಪರೀಕ್ಷೆಗೆ ಒಡ್ಡುವಂಥದಲ್ಲ.