ಮೇಣದಬತ್ತಿ ಹಿಡಿದು ಪಾಠ ಹೇಳಿದ ಫ್ಯಾರಡೆ

ಗಣಿತದಲ್ಲಿ ನಾನು ಹಿಂದೆ. ಹಾಗಾಗಿ ಭೌತಶಾಸ್ತ್ರ ನನಗೆ ಒಗ್ಗುವ ವಿಷಯವಲ್ಲ ಎಂದೇ ಅಂದುಕೊಂಡಿದ್ದೆ. ಆ ಅಂಜಿಕೆಯನ್ನು ಕಡಿಮೆ ಮಾಡಿದ್ದು ಮೈಕೆಲ್ ಫ್ಯಾರಡೆಯವರ ಜೀವನ. ದ್ವಿತೀಯ ಪಿಯುಸಿಯ ವಿದ್ಯುತ್ಕಾಂತೀಯ ಪ್ರೇರಣೆಯ ಪಾಠದಲ್ಲಿ ಬರುವ ಫ್ಯಾರಡೆ ಇವರೇ.

ಫ್ಯಾರಡೆ ಹುಟ್ಟಿದ್ದು 1791ರ ಸೆಪ್ಟೆಂಬರ್ 22ರಂದು, ಲಂಡನ್ ಬಳಿ. ತಂದೆ ಕಮ್ಮಾರ, ಆರೋಗ್ಯ ಸರಿಯಿರಲಿಲ್ಲ, ಮನೆಯಲ್ಲಿ ಬಡತನ. ಶಾಲೆಯಲ್ಲಿ ಕಲಿತದ್ದು ಓದು, ಬರಹ, ಸ್ವಲ್ಪ ಲೆಕ್ಕ ಅಷ್ಟೇ. 14ನೇ ವಯಸ್ಸಿಗೆ ಪುಸ್ತಕ ಬೈಂಡಿಂಗ್ ಕೆಲಸ ಕಲಿಯಲು ಸೇರಿ ಏಳು ವರ್ಷ ದುಡಿದರು. ಬೈಂಡಿಂಗಿಗೆ ಬಂದ ಪುಸ್ತಕಗಳನ್ನೇ ಓದಿ ವಿಜ್ಞಾನ ಕಲಿತರು. 1812ರಲ್ಲಿ ವಿಜ್ಞಾನಿ ಹಂಫ್ರಿ ಡೇವಿಯವರ ಉಪನ್ಯಾಸ ಕೇಳಿ, ಟಿಪ್ಪಣಿ ಬರೆದು, ತಾವೇ ಬೈಂಡ್ ಮಾಡಿ ಅವರಿಗೆ ಕಳುಹಿಸಿದರು. ಮರುವರ್ಷ ರಾಯಲ್ ಇನ್‌ಸ್ಟಿಟ್ಯೂಷನ್‌ನಲ್ಲಿ ಸಹಾಯಕರ ಕೆಲಸ ಸಿಕ್ಕಿತು. 1831ರಲ್ಲಿ ವಿದ್ಯುತ್ಕಾಂತೀಯ ಪ್ರೇರಣೆಯನ್ನು ಕಂಡುಹಿಡಿದರು. ಹೆಚ್ಚಿನ ಗಣಿತ ಅವರಿಗೆ ಬರುತ್ತಿರಲಿಲ್ಲ. ಪ್ರಯೋಗ ಮಾಡಿ, ಬಲರೇಖೆಗಳ ಚಿತ್ರ ಬರೆದು ಯೋಚಿಸುತ್ತಿದ್ದರು. ಅವನ್ನು ಸಮೀಕರಣಕ್ಕಿಳಿಸಿದವರು ಮುಂದೆ ಬಂದ ಮ್ಯಾಕ್ಸ್‌ವೆಲ್.

ಇಷ್ಟು ದೊಡ್ಡ ವಿಜ್ಞಾನಿ ಕ್ರಿಸ್‌ಮಸ್ ರಜೆಯಲ್ಲಿ ಮಕ್ಕಳಿಗೆ ಪಾಠ ಹೇಳುತ್ತಿದ್ದರು. 1860-61ರಲ್ಲಿ ಕೊಟ್ಟ ಆರು ಉಪನ್ಯಾಸಗಳ ವಿಷಯ ಒಂದು ಮೇಣದಬತ್ತಿ! ಕರಗಿದ ಮೇಣ ಬತ್ತಿಯ ನೂಲಿನಲ್ಲಿ ಮೇಲೇರುವುದು ಕ್ಯಾಪಿಲರಿ ಕ್ರಿಯೆಯಿಂದ. ಟವೆಲಿನ ತುದಿ ನೀರಿನಲ್ಲಿದ್ದರೆ ಇಡೀ ಟವೆಲ್ ನೆನೆಯುವುದೂ ಹೀಗೆಯೇ ಎಂದು ವಿವರಿಸಿದರು. ಉರಿಯುವುದು ಗಟ್ಟಿ ಮೇಣವಲ್ಲ, ಅದರ ಆವಿ. ಜ್ವಾಲೆ ಹಳದಿಯಾಗಿ ಹೊಳೆಯುವುದು ಅದರೊಳಗೆ ಕಾದ ಮಸಿಯ ಕಣಗಳಿಂದ. ಬತ್ತಿ ಉರಿದಾಗ ನೀರೂ ಹುಟ್ಟುತ್ತದೆ.

ಮೊನ್ನೆ ಕರೆಂಟ್ ಹೋದಾಗ ಅಮ್ಮಿಯನ್ನು ಪಕ್ಕದಲ್ಲಿ ಕೂರಿಸಿಕೊಂಡು ನಾನೂ ಪರೀಕ್ಷಿಸಿದೆ. ಬತ್ತಿಯನ್ನು ಊದಿ ಆರಿಸಿ, ಮೇಲೇಳುವ ಬಿಳಿ ಹೊಗೆಗೆ ತಕ್ಷಣ ಉರಿಯುವ ಕಡ್ಡಿ ಹಿಡಿದೆ. ಕಡ್ಡಿ ಬತ್ತಿಗೆ ತಾಗಲೇ ಇಲ್ಲ. ಬೆಂಕಿ ಹೊಗೆಯ ದಾರಿಯಲ್ಲೇ ಕೆಳಗಿಳಿದು ಬತ್ತಿ ಹೊತ್ತಿಕೊಂಡಿತು! ಅಮ್ಮಿ ಇನ್ನೊಮ್ಮೆ ಮಾಡು ಎಂದರು.

ಸರ್ಕಾರ ಕೊಡಬಯಸಿದ ಸರ್ ಪದವಿಯನ್ನು ಬೇಡವೆಂದ ಫ್ಯಾರಡೆ 1867ರ ಆಗಸ್ಟ್ 25ರಂದು ತೀರಿಕೊಂಡರು. ನನ್ನ ಗಣಿತ ಇನ್ನೂ ಸುಧಾರಿಸಬೇಕು, ಅದಕ್ಕೆ ಅಭ್ಯಾಸ ಮಾಡುತ್ತಿದ್ದೇನೆ. ಆದರೆ ಭೌತಶಾಸ್ತ್ರ ನನ್ನದಲ್ಲ ಎಂದು ಈಗ ಹೇಳುವುದಿಲ್ಲ. ಅದು ನಮ್ಮ ಅಡುಗೆಮನೆಯ ಗೂಡಿನಲ್ಲೇ, ಬೆಂಕಿಪೊಟ್ಟಣದ ಪಕ್ಕದಲ್ಲೇ ಇತ್ತು.