ಅಕ್ಕನ ಋಣ ಮತ್ತು ಮಿಜೊಗುಚಿ

ರಾಷ್ಟ್ರದ ಪ್ರಗತಿಗೆ ಒಂದು ಬೆಲೆಯಿರುತ್ತದೆ. ಅದನ್ನು ತೆತ್ತವರ ಹೆಸರು ಸರ್ಕಾರಿ ಲೆಕ್ಕಪತ್ರಗಳಲ್ಲಿ ಸಿಗುವುದಿಲ್ಲ. ಆ ಲೆಕ್ಕವನ್ನು ಬೆಳ್ಳಿತೆರೆಯ ಮೇಲೆ ಮಂಡಿಸಿದವರು ಜಪಾನಿನ ನಿರ್ದೇಶಕ ಕೆಂಜಿ ಮಿಜೊಗುಚಿ.

ಅವರು ಜನಿಸಿದ್ದು 1898ರಲ್ಲಿ, ಟೋಕಿಯೊದಲ್ಲಿ. 1904–05ರ ರಷ್ಯಾ–ಜಪಾನ್ ಯುದ್ಧಕಾಲದಲ್ಲಿ ಸೈನಿಕರಿಗೆ ಮಳೆಯಂಗಿ ಮಾರಲು ಹೊರಟ ತಂದೆ, ಯುದ್ಧ ಬೇಗನೆ ಮುಗಿದುದರಿಂದ ಕೈಸುಟ್ಟುಕೊಂಡರು. ಬಡತನದ ಭಾರ ಬಿದ್ದದ್ದು ಹಿರಿಯ ಮಗಳು ಸುಜು ಮೇಲೆ. ದತ್ತು ಹೋದ ಆಕೆ ಗೇಶಾ ಆಗಬೇಕಾಯಿತು. ಮುಂದೆ ಸಿರಿವಂತನೊಬ್ಬನ ಆಶ್ರಯದಲ್ಲಿದ್ದುಕೊಂಡೇ ತಮ್ಮನನ್ನು ಪೊರೆದಳು.

1920ರಲ್ಲಿ ನಿಕ್ಕಾತ್ಸು ಸಂಸ್ಥೆ ಸೇರಿದ ಮಿಜೊಗುಚಿ 1923ರಲ್ಲಿ ನಿರ್ದೇಶಕರಾದರು. ಅದೇ ವರ್ಷದ ಭೂಕಂಪದ ನಂತರ ಕ್ಯೋಟೊ ಅವರ ಕಾರ್ಯಕ್ಷೇತ್ರವಾಯಿತು.

1933ರ ‘ತಾಕಿ ನೊ ಶಿರಾಇತೊ’ ಅವರ ಮೂಕಿಚಿತ್ರಗಳಲ್ಲಿ ಮುಖ್ಯವಾದುದು. ಆ ವೇಳೆಗೆ ಮಾತಿನ ಚಿತ್ರಗಳು ಬಂದಿದ್ದರೂ, ತೆರೆಯ ಪಕ್ಕದಲ್ಲಿ ನಿಂತು ಕತೆ ಹೇಳುವ ‘ಬೆನ್ಶಿ’ಗಳ ಜನಪ್ರಿಯತೆಯಿಂದಾಗಿ ಜಪಾನಿನಲ್ಲಿ ಮೂಕಿಯುಗ ಮುಗಿದಿರಲಿಲ್ಲ. ಇಜುಮಿ ಕ್ಯೋಕಾ ಅವರ ಕತೆಯನ್ನು ಆಧರಿಸಿದ ಈ ಚಿತ್ರದ ನಾಯಕಿ, ನೀರಿನ ಜಾದೂ ತೋರಿಸುತ್ತಾ ಊರೂರು ಅಲೆಯುವ ಕಲಾವಿದೆ. ಕುದುರೆಗಾಡಿ ಓಡಿಸುತ್ತಿದ್ದ ಯುವಕನೊಬ್ಬ ಟೋಕಿಯೊದಲ್ಲಿ ಕಾನೂನು ಓದಲೆಂದು ಆಕೆ ಹಣ ಕಳುಹಿಸುತ್ತಾಳೆ. ಸಾಲ ಮಾಡಿ ತಂದ ಹಣ ದರೋಡೆಯಾದಾಗ, ಲೇವಾದೇವಿಗಾರ ಆಕೆಯ ಕೈಯಿಂದಲೇ ಹತನಾಗುತ್ತಾನೆ. ನ್ಯಾಯಾಲಯದಲ್ಲಿ ಆಕೆಯ ವಿರುದ್ಧ ನಿಲ್ಲುವ ಸರ್ಕಾರಿ ವಕೀಲ, ಆಕೆಯ ದುಡಿಮೆಯಲ್ಲೇ ಓದಿ ಮೇಲೇರಿದ ಆ ಯುವಕ! ಹೊಸ ಜಪಾನಿನ ಕಾಲೇಜು, ಕಾನೂನು, ನ್ಯಾಯಾಲಯಗಳೆಲ್ಲವೂ ಗಂಡಿಗೆ ಏಣಿಯಾದವು. ಏಣಿಯನ್ನು ಹಿಡಿದು ನಿಂತ ಹೆಣ್ಣಿಗೆ ಕಟಕಟೆಯಾದವು. ಈ ಕತೆಯಲ್ಲಿ ಸುಜುವಿನ ನೆರಳು ಕಾಣದಿರದು.

1936ರ ‘ಒಸಾಕಾ ಎಲಿಜಿ’, 1952ರ ‘ಲೈಫ್ ಆಫ್ ಒಹಾರು’ ಚಿತ್ರಗಳಲ್ಲೂ ಅವರು ಇದೇ ಪ್ರಶ್ನೆಯನ್ನು ಎತ್ತಿದರು. 1952ರಿಂದ ಸತತ ಮೂರು ವರ್ಷ ವೆನಿಸ್ ಚಿತ್ರೋತ್ಸವ ಅವರ ಚಿತ್ರಗಳನ್ನು ಪುರಸ್ಕರಿಸಿತು. ಆದರೆ ಅವರ ಮೆಚ್ಚಿನ ನಟಿ ಕಿನುಯೊ ತನಾಕಾ ತಾವೇ ನಿರ್ದೇಶಕಿಯಾಗಲು ಹೊರಟಾಗ ಮಿಜೊಗುಚಿ ವಿರೋಧಿಸಿದರು. ಹೆಣ್ಣಿನ ತ್ಯಾಗಕ್ಕೆ ಮರುಗಿದ ಮನಸ್ಸು ಆಕೆಯ ಅಧಿಕಾರವನ್ನು ಒಪ್ಪಲು ಹಿಂಜರಿಯಿತು. ಇದನ್ನು ಮರೆಮಾಚಿ ಅವರನ್ನು ಹೊಗಳಬೇಕಾಗಿಲ್ಲ.

ಅವರ ಕೊನೆಯ ಚಿತ್ರ ‘ಸ್ಟ್ರೀಟ್ ಆಫ್ ಶೇಮ್’ ಟೋಕಿಯೊದ ವೇಶ್ಯಾವಾಟಿಕೆಯನ್ನು ಕುರಿತದ್ದು. ಅದು 1956ರ ಮಾರ್ಚ್‌ನಲ್ಲಿ ತೆರೆಕಂಡಿತು. ಮೇ ತಿಂಗಳಲ್ಲಿ ಜಪಾನಿನ ಸಂಸತ್ತು ವೇಶ್ಯಾವೃತ್ತಿ ತಡೆ ಕಾಯ್ದೆಯನ್ನು ಅಂಗೀಕರಿಸಿತು. ಆಗಸ್ಟ್ 24ರಂದು ಮಿಜೊಗುಚಿ ರಕ್ತದ ಕ್ಯಾನ್ಸರ್‌ನಿಂದ ನಿಧನರಾದರು. ಒಂದು ಚಿತ್ರದಿಂದ ಕಾಯ್ದೆ ಬಂದಿತೆನ್ನುವುದು ಅತಿಶಯೋಕ್ತಿಯಾದೀತು. ಆದರೆ ಕಾಯ್ದೆಯ ಹಿಂದೆ ಯಾರ ಬದುಕುಗಳಿವೆ ಎಂಬುದನ್ನು ಅವರ ಚಿತ್ರಗಳು ಇಂದಿಗೂ ನೆನಪಿಸುತ್ತವೆ.